ದೊಡ್ಡ ಸಂಖ್ಯೆ ರೌಂಡ್ ಮಾಡೋದನ್ನು ಮಕ್ಕಳಿಗೆ ಹೇಗೆ ಹೇಳಿಕೊಟ್ಟಿರಿ?

ಮಗಳು ಐದನೇ ಕ್ಲಾಸು. 4,372 ಅನ್ನು ಸಮೀಪದ ನೂರಕ್ಕೆ ಅಂದಾಜಿಸು ಅಂದರೆ ಥಟ್ಟನೆ 4,400 ಅನ್ನುತ್ತಾಳೆ. ಲಕ್ಷ, ಕೋಟಿ ಬಂದರೆ ಗಾಬರಿ. ಮೊನ್ನೆ 3,46,482 ಅನ್ನು ಸಾವಿರಕ್ಕೆ ಮಾಡು ಅಂದರೆ 3,47,000 ಬರೆದಳು. ಯಾಕೆ ಹಾಗೆ ಮಾಡಿದಳು ಅಂತ ನನಗೂ ಹೊಳೆಯಲಿಲ್ಲ. ನಿಮ್ಮ ಮನೆಯಲ್ಲಿ ಏನು ಮಾಡಿದಿರಿ?

ಒಬ್ಬ ಅಮ್ಮ:
ಅವಳು ಬಲಗಡೆಯಿಂದ ಒಂದೊಂದೇ ಮನೆ ರೌಂಡ್ ಮಾಡುತ್ತಾ ಬಂದಿದ್ದಾಳೆ ಅಷ್ಟೇ. 482 ಅನ್ನು ಮೊದಲು 500 ಮಾಡಿಕೊಂಡಳು, ಆಮೇಲೆ ಆ 5 ನೋಡಿ 46 ಅನ್ನು 47 ಮಾಡಿದಳು. ನನ್ನ ಮಗನೂ ಇದೇ ಮಾಡುತ್ತಿದ್ದ. 482 ಅರ್ಧ ಸಾವಿರವನ್ನೇ ಮುಟ್ಟಿಲ್ಲ, ಹಾಗಾಗಿ 3,46,000 ಸರಿ. ಸಾವಿರದ ಅಂಕಿಗೆ ಕೆಳಗೆ ಗೆರೆ ಎಳೆಸಿ, ಅದರ ಬಲಕ್ಕಿರುವ ಒಂದೇ ಒಂದು ಅಂಕಿ ಬಿಟ್ಟು ಮಿಕ್ಕಿದ್ದನ್ನು ಬೆರಳಿಂದ ಮುಚ್ಚಿಸಿ. ಕಾಣೋದು 4, ಮುಗೀತು. ಮುಚ್ಚಿದ್ದು ಏನೇ ಇರಲಿ, ಅದರ ಗೊಡವೆ ಬೇಡ.

ನಿವೃತ್ತ ಮೇಷ್ಟ್ರು:
ಬೆರಳು ಮುಚ್ಚೋದು ಒಳ್ಳೇದೇ, ಆದರೆ ಅದಕ್ಕೂ ಮೊದಲು ಸಂಖ್ಯೆಯನ್ನು ಬಾಯಿಬಿಟ್ಟು ಓದಿಸಿ ತಾಯಿ. ಸ್ಥಾನದ ಹೆಸರು ಬಾಯಿಗೆ ಬರದಿದ್ದರೆ ಯಾವ ಅಂಕಿಗೆ ಗೆರೆ ಎಳೆಯಬೇಕು ಅಂತ ಹೇಗೆ ಗೊತ್ತಾಗಬೇಕು? ನಾನು 2011ರ ಜನಗಣತಿಯ ಕರ್ನಾಟಕದ ಲೆಕ್ಕವನ್ನೇ ಬೋರ್ಡ್ ಮೇಲೆ ಬರೆಯುತ್ತಿದ್ದೆ: 6,10,95,297. ಆರು ಕೋಟಿ ಹತ್ತು ಲಕ್ಷ ತೊಂಬತ್ತೈದು ಸಾವಿರದ ಇನ್ನೂರ ತೊಂಬತ್ತೇಳು. ಇದನ್ನು ಹತ್ತು ಸಾವಿರಕ್ಕೆ ಅಂದಾಜಿಸಿ ಅಂದರೆ ಅರ್ಧ ಕ್ಲಾಸು ತಪ್ಪುತ್ತಿತ್ತು. ಹತ್ತು ಸಾವಿರದ ಮನೆಯಲ್ಲಿ 9, ಅದರ ಬಲಕ್ಕೆ 5, ಅಂದರೆ 9ಕ್ಕೆ ಒಂದು ಸೇರಿಸಬೇಕು. ಮಕ್ಕಳು ಒಂದೇ ಮನೆಯಲ್ಲಿ 10 ಅಂತ ತುರುಕಿಬಿಡುತ್ತಿದ್ದರು! ಅಲ್ಲಿ ಸೊನ್ನೆ ಇಟ್ಟು, ದಶಕವನ್ನು ಲಕ್ಷಕ್ಕೆ ಕೊಡಬೇಕು: 6,11,00,000. ಲಕ್ಷಕ್ಕೆ ಅಂದಾಜಿಸಿದರೂ ಇದೇ ಉತ್ತರ. ಅದನ್ನು ಯಾರೂ ನಂಬುತ್ತಿರಲಿಲ್ಲ, ಎರಡೆರಡು ಸಲ ಮಾಡಿ ನೋಡುತ್ತಿದ್ದರು. ಹತ್ತು ಲಕ್ಷಕ್ಕೆ ಮಾಡಿದರೆ 6,10,00,000, ಕೋಟಿಗೆ ಮಾಡಿದರೆ ಬರೀ 6 ಕೋಟಿ.

ಅಮೆರಿಕದಲ್ಲಿರುವ ಅಪ್ಪ:
ನಮ್ಮದು ಬೇರೆ ಗೋಳು. ಶಾಲೆಯಲ್ಲಿ ಮಿಲಿಯನ್, ಮನೆಯಲ್ಲಿ ಅಜ್ಜ ಹೇಳಿಕೊಡುವ ಲಕ್ಷ. ಮೇಷ್ಟ್ರ ಸಂಖ್ಯೆಯನ್ನೇ ಇಲ್ಲಿ 61,095,297 ಅಂತ ಬರೆಯುತ್ತಾರೆ. ಮಗ ಅಲ್ಪವಿರಾಮ ನೋಡಿಯೇ ಸ್ಥಾನ ಎಣಿಸುತ್ತಿದ್ದ, ಹಾಗಾಗಿ ಎರಡೂ ಕಲಸಿಹೋಗುತ್ತಿತ್ತು. ಈಗ ಅಲ್ಪವಿರಾಮ ಹಾಕದೆ ಅಂಕಿಗಳನ್ನು ಬರೆದು ಬಲದಿಂದ ಎಣಿಸುತ್ತಾನೆ. ಏಳನೇ ಮನೆ ಹತ್ತು ಲಕ್ಷ, ಇಲ್ಲಿಯವರಿಗೆ ಮಿಲಿಯನ್. ಎಲ್ಲ ಮುಗಿದ ಮೇಲೆ ಅಲ್ಪವಿರಾಮ.

ಲೆಕ್ಕಪತ್ರ ನೋಡುವವರು:
ಮಗಳು "ಇದ್ಯಾಕೆ ಬೇಕು" ಅಂದರೆ ನಿಮ್ಮ ಇನ್‌ಕಮ್ ಟ್ಯಾಕ್ಸ್ ರಿಟರ್ನ್ ತೋರಿಸಿ. ತೆರಿಗೆ ಬೀಳುವ ಒಟ್ಟು ಆದಾಯವನ್ನು ಹತ್ತು ರೂಪಾಯಿಗೆ ರೌಂಡ್ ಮಾಡಿರುತ್ತಾರೆ. 7,83,464 ಇದ್ದರೆ 7,83,460. ಒಂದು ರೂಪಾಯಿ ಜಾಸ್ತಿ ಆದರೆ 7,83,470. ಫೋನ್ ನಂಬರು, ಪಿನ್‌ಕೋಡ್ ಮಾತ್ರ ರೌಂಡ್ ಮಾಡಬೇಡ ಅಂತಲೂ ಹೇಳಿಬಿಡಿ, ನಮ್ಮ ಮನೆಯ ಚಿಕ್ಕೋನು ಅದನ್ನೂ ಮಾಡಿದ್ದ.

ಕೇಳಿದವರು:
ಸಂಜೆ ಬೆರಳು ಮುಚ್ಚಿ ಮಾಡಿಸಿದೆ, 3,46,000 ಬಂತು. ಮೇಷ್ಟ್ರ ಲೆಕ್ಕದಲ್ಲಿ ಮಾತ್ರ 9ರ ಮನೆಗೆ 10 ತುರುಕಿದಳು. ನಾಳೆ ಮತ್ತೆ ಕೂರಿಸುತ್ತೇನೆ.