ಲೇಹ್‌ನ ಚಳಿಯಲ್ಲಿ ಬೆಳಿಗ್ಗೆ ನಿಲ್ಲುವ ಸೋಲಾರ್ ಇನ್ವರ್ಟರ್: ದೊಡ್ಡದನ್ನು ಕೊಳ್ಳಲೇಬೇಕೇ?

ಪ್ರಶ್ನೆ (ವಿರಾಜಪೇಟೆಯಿಂದ)

ಎಲ್ಲರಿಗೂ ನಮಸ್ಕಾರ. ಸೇನೆಯಲ್ಲಿ ನನ್ನ ಜೊತೆಗಿದ್ದ ಗೆಳೆಯರೊಬ್ಬರು ಲೇಹ್ ಬಳಿಯ ತಮ್ಮ ಊರಿನಲ್ಲಿ ನಾಲ್ಕು ಕೋಣೆಗಳ ಹೋಂಸ್ಟೇ ನಡೆಸುತ್ತಾರೆ. ಮಳೆಗಾಲದಲ್ಲಿ ತಂತಿಯ ಮೇಲೆ ಮರ ಬಿದ್ದು ಮೂರು ನಾಲ್ಕು ದಿನ ಕರೆಂಟ್ ಇಲ್ಲದಿದ್ದಾಗಲೂ ನಮ್ಮ ತೋಟದ ಮನೆಯ ಸೋಲಾರ್ ಕೈಕೊಟ್ಟಿಲ್ಲವಾದ್ದರಿಂದ, ಅದೇ ಸಾಮಾನಿನ ಪಟ್ಟಿಯನ್ನು ಅವರಿಗೂ ಬರೆದುಕೊಟ್ಟಿದ್ದೆ: 5 ಕಿಲೋವ್ಯಾಟ್ ಇನ್ವರ್ಟರ್, ಒಂದೇ ಸರಣಿಯಲ್ಲಿ 540 ವ್ಯಾಟ್‌ನ 9 ಪ್ಯಾನೆಲ್, 48 ವೋಲ್ಟ್ ಲಿಥಿಯಂ ಬ್ಯಾಟರಿ. ಬೇಸಿಗೆಯಲ್ಲಿ ಚೆನ್ನಾಗಿಯೇ ನಡೆಯಿತು. ಡಿಸೆಂಬರ್ ಕೊನೆಯಿಂದ ಮಾತ್ರ, ಬೆಳಿಗ್ಗೆ ಬಿಸಿಲು ತಾಕಿದೊಡನೆ ಪರದೆಯಲ್ಲಿ 503 ವೋಲ್ಟ್ ಎಂದು ತೋರಿಸಿ ಇನ್ವರ್ಟರ್ ನಿಂತುಬಿಡುತ್ತದೆ, ಹತ್ತು ಗಂಟೆಯ ಹೊತ್ತಿಗೆ ತಾನಾಗಿಯೇ ಸರಿಹೋಗುತ್ತದೆ. ಜೊತೆಗೆ ಬ್ಯಾಟರಿಯೂ ಬೆಳಗಿನ ಹೊತ್ತು ಚಾರ್ಜ್ ತೆಗೆದುಕೊಳ್ಳುವುದಿಲ್ಲ. ಮಾರಾಟಗಾರರು 8 ಕಿಲೋವ್ಯಾಟ್ ಇನ್ವರ್ಟರ್‌ಗೆ 1,10,000 ರೂಪಾಯಿ ಹೇಳುತ್ತಿದ್ದಾರೆ. ಈ ಖರ್ಚು ಅನಿವಾರ್ಯವೇ?

ಉತ್ತರ (ಗೋಣಿಕೊಪ್ಪದಿಂದ)

ನಾಲ್ಕು ಕೋಣೆಗಳಲ್ಲಿ ಹೀಟರ್, ಗೀಸರ್ ಇದ್ದರೆ 5 ಕಿಲೋವ್ಯಾಟ್ ಸಾಲದು. ದೊಡ್ಡದನ್ನೇ ಹಾಕಿಸುವುದು ಒಳ್ಳೆಯದು.

ಉತ್ತರ (ಸೋಮವಾರಪೇಟೆಯಿಂದ)

ಮೇಲಿನವರ ಮಾತನ್ನು ನಾನು ಒಪ್ಪುವುದಿಲ್ಲ. ಹೊರೆ ಹೆಚ್ಚಾಗಿ ನಿಂತಿದ್ದರೆ ಅದು ರಾತ್ರಿ ನಿಲ್ಲಬೇಕಿತ್ತು, ಬೆಳಿಗ್ಗೆಯಲ್ಲ.

ಸಿಲಿಕಾನ್ ಪ್ಯಾನೆಲ್ ತಣ್ಣಗಾದಷ್ಟೂ ಅದರ ವೋಲ್ಟೇಜ್ ಏರುತ್ತದೆ. ನಿಮ್ಮ ಪ್ಯಾನೆಲ್‌ನ ಹಿಂಬದಿಯ ಚೀಟಿಯಲ್ಲಿ ತೆರೆದ ವೋಲ್ಟೇಜ್ (ಕರೆಂಟ್ ಎಳೆಯದಿದ್ದಾಗಿನ ವೋಲ್ಟೇಜ್, Voc) ಸುಮಾರು 49.5 ಎಂದಿರುತ್ತದೆ, ಆದರೆ ಅದು 25 ಡಿಗ್ರಿಯ ಲೆಕ್ಕ. ಅಲ್ಲಿಂದ ಕೆಳಗಿಳಿಯುವ ಪ್ರತಿ ಡಿಗ್ರಿಗೆ ಶೇಕಡಾ 0.27ರಷ್ಟು ಕೂಡಿಸಬೇಕು. ನಮ್ಮಲ್ಲಿ ಹುತ್ತರಿ ಕಳೆದ ಮೇಲಿನ ಚಳಿಯೆಂದರೆ ಬೆಳಗಿನ ಜಾವಕ್ಕೆ 12 ಡಿಗ್ರಿ ಇದ್ದೀತು. ಒಂಬತ್ತು ಪ್ಯಾನೆಲ್ ಸೇರಿ 461 ವೋಲ್ಟ್ ಆಗುತ್ತದೆ, 500 ವೋಲ್ಟ್ ಮಿತಿಯ ಇನ್ವರ್ಟರ್‌ಗೆ ಯಾವ ತೊಂದರೆಯೂ ಇಲ್ಲ. ಲೇಹ್‌ನಲ್ಲಿ ಮೈನಸ್ 20 ಆದರೆ ಅದೇ ಸರಣಿ ಸುಮಾರು 500 ಮುಟ್ಟುತ್ತದೆ. ಮೋಡವಿಲ್ಲದ ರಾತ್ರಿಯಲ್ಲಿ ಪ್ಯಾನೆಲ್ ಸುತ್ತಲಿನ ಗಾಳಿಗಿಂತಲೂ ತಣ್ಣಗಾಗುವುದರಿಂದ ನಿಮ್ಮ 503ರಲ್ಲಿ ಆಶ್ಚರ್ಯವೇನಿಲ್ಲ. ಬಿಸಿಲಿಗೆ ಪ್ಯಾನೆಲ್ ಬೆಚ್ಚಗಾದೊಡನೆ ವೋಲ್ಟೇಜ್ ಇಳಿದು ಎಲ್ಲವೂ ಸರಿಹೋದಂತೆ ಕಾಣುತ್ತದೆ. ಆದರೂ ಇದನ್ನು ಹೀಗೆಯೇ ಬಿಡಬೇಡಿ. ಮಿತಿ ಮೀರಿದ ವೋಲ್ಟೇಜ್‌ನಿಂದ ಇನ್ವರ್ಟರ್ ಸುಟ್ಟರೆ ವಾರಂಟಿ ಸಿಗುವುದು ಕಷ್ಟ.

ಆದ್ದರಿಂದ ಒಂದು ಪ್ಯಾನೆಲ್ ಬಿಡಿಸಿ ಎಂಟು ಮಾಡಿಸಿ. ಆಗ ಮೈನಸ್ 25ರಲ್ಲಿಯೂ 450 ದಾಟುವುದಿಲ್ಲ. ಈ ಕೆಲಸ ಬಲ್ಲ ಎಲೆಕ್ಟ್ರಿಷಿಯನ್ನರಿಂದಲೇ ಮಾಡಿಸಿ, ಐಸೊಲೇಟರ್ (ಪ್ಯಾನೆಲ್‌ಗಳ ಸಂಪರ್ಕ ಕಡಿಯುವ ಸ್ವಿಚ್) ಆರಿಸದೆ ಕನೆಕ್ಟರ್ ಎಳೆದರೆ ಈ ವೋಲ್ಟೇಜ್‌ಗೆ ಕಿಡಿಯಲ್ಲ, ಜ್ವಾಲೆಯೇ ಹಾರುತ್ತದೆ.

ಪ್ಯಾನೆಲ್‌ಗಳನ್ನು ಎಷ್ಟು ಓರೆಯಾಗಿ ನಿಲ್ಲಿಸಿದ್ದೀರಿ? ಬ್ಯಾಟರಿ ಎಲ್ಲಿದೆ?

ಪ್ರಶ್ನಿಸಿದವರು

ನಮ್ಮ ಮನೆಯ ಸ್ಟ್ಯಾಂಡಿನ ಅಳತೆಯನ್ನೇ ಕಳುಹಿಸಿದ್ದೆ, 15 ಡಿಗ್ರಿ. ಬ್ಯಾಟರಿ ಜಗಲಿಯಲ್ಲಿದೆ, ಇಲ್ಲಿ ಇಟ್ಟಂತೆಯೇ.

ಉತ್ತರ (ಸೋಮವಾರಪೇಟೆಯಿಂದ)

ಹಾಗಾದರೆ ಕೊಡಗನ್ನೇ ಲೇಹ್‌ಗೆ ಪಾರ್ಸಲ್ ಮಾಡಿದ್ದೀರಿ! ವಿರಾಜಪೇಟೆ 12 ಡಿಗ್ರಿ ಅಕ್ಷಾಂಶದಲ್ಲಿದೆ, ಲೇಹ್ 34ರಲ್ಲಿ. ಡಿಸೆಂಬರ್ ನಡುಹಗಲಿನಲ್ಲಿಯೂ ಅಲ್ಲಿ ಸೂರ್ಯ ದಿಗಂತದಿಂದ 33 ಡಿಗ್ರಿಯಷ್ಟೇ ಮೇಲೇರುತ್ತಾನೆ. ಸ್ಟ್ಯಾಂಡನ್ನು ದಕ್ಷಿಣಕ್ಕೆ 50 ಡಿಗ್ರಿಗೆ ಎತ್ತಿಸಿದರೆ ಆ ಹೊತ್ತಿನ ನೇರ ಬಿಸಿಲು ಈಗಿನದಕ್ಕಿಂತ ಮೂರನೇ ಒಂದು ಭಾಗದಷ್ಟು ಹೆಚ್ಚು ಸಿಗುತ್ತದೆ, ಹಿಮವೂ ಜಾರಿ ಬೀಳುತ್ತದೆ. ಬಿಡಿಸಿದ ಪ್ಯಾನೆಲ್‌ನ ನಷ್ಟ ಇದರಲ್ಲಿಯೇ ತುಂಬಿ ಬರುತ್ತದೆ. ಕಬ್ಬಿಣದ ಕೋನ, ವೆಲ್ಡಿಂಗ್ ಬಿಟ್ಟರೆ ಬೇರೆ ಖರ್ಚಿಲ್ಲ.

ಲಿಥಿಯಂ ಐರನ್ ಫಾಸ್ಫೇಟ್ ಬ್ಯಾಟರಿಯನ್ನು ಸೊನ್ನೆ ಡಿಗ್ರಿಗಿಂತ ಕೆಳಗೆ ಚಾರ್ಜ್ ಮಾಡಬಾರದು. ಅದರೊಳಗಿನ ರಕ್ಷಣಾ ಸರ್ಕ್ಯೂಟ್ ಚಾರ್ಜಿಂಗ್ ತಡೆಯುತ್ತಿರುವುದು ದೋಷವಲ್ಲ, ಉಪಕಾರ. ಬುಖಾರಿ (ಕೋಣೆ ಕಾಯಿಸುವ ಒಲೆ) ಉರಿಯುವ ಕೋಣೆಯ ಗೋಡೆಯಾಚೆಗಿನ ಒಳಕೋಣೆಗೆ ಬ್ಯಾಟರಿಯನ್ನು ಸಾಗಿಸಿ, ಥರ್ಮಾಕೋಲ್ ಹೊದಿಸಿದ ಪೆಟ್ಟಿಗೆಯಲ್ಲಿಡಿ. ಅಗ್ಗವೆಂದು ಲೆಡ್ ಆಸಿಡ್ ಬ್ಯಾಟರಿಗೆ ಹೋದರೆ, ಪೂರ್ತಿ ಇಳಿದ ಬ್ಯಾಟರಿಯ ದ್ರಾವಣ ಮೈನಸ್ 7, 8ರಲ್ಲಿಯೇ ಹೆಪ್ಪುಗಟ್ಟಿ ಡಬ್ಬ ಸೀಳುತ್ತದೆ.

ಒಂದು ವಿಷಯದಲ್ಲಿ ಮಾತ್ರ ಗೋಣಿಕೊಪ್ಪದವರ ಎಚ್ಚರಿಕೆ ಸರಿ. ಅನೇಕ ಇನ್ವರ್ಟರ್‌ಗಳ ಪೂರ್ಣ ಸಾಮರ್ಥ್ಯವನ್ನು 2,000 ಮೀಟರ್ ಎತ್ತರದವರೆಗೆ ಮಾತ್ರ ನಮೂದಿಸಿರುತ್ತಾರೆ. ಲೇಹ್ ಸುಮಾರು 3,500 ಮೀಟರ್ ಎತ್ತರದಲ್ಲಿದೆ, ತೆಳು ಗಾಳಿಯಲ್ಲಿ ಫ್ಯಾನ್ ತಿರುಗಿದರೂ ಬಿಸಿ ಹೊರಹೋಗುವುದು ಕಡಿಮೆ. ಕೈಪಿಡಿ ನೋಡಿ, 4 ಕಿಲೋವ್ಯಾಟ್‌ನೊಳಗೆ ಹೊರೆಯಿಡಿ. ಕೋಣೆ ಕಾಯಿಸುವ ಕೆಲಸವನ್ನು ಬುಖಾರಿಗೇ ಬಿಡಿ.

ಪ್ರಶ್ನಿಸಿದವರು

ಎರಡು ವಾರದ ನಂತರ ಬರೆಯುತ್ತಿದ್ದೇನೆ. ಎಂಟು ಪ್ಯಾನೆಲ್‌ಗೆ ಇಳಿಸಿದ ಮರುದಿನ ಬೆಳಿಗ್ಗೆ ಗೆಳೆಯರು ಕಳುಹಿಸಿದ ಚಿತ್ರದಲ್ಲಿ ಪರದೆ 444 ವೋಲ್ಟ್ ತೋರಿಸುತ್ತಿತ್ತು, ಇನ್ವರ್ಟರ್ ನಿಂತಿರಲಿಲ್ಲ. ಬ್ಯಾಟರಿ ಒಳಕೋಣೆಗೆ ಹೋಗಿದೆ. ಸ್ಟ್ಯಾಂಡ್, ಪೆಟ್ಟಿಗೆ, ಕೂಲಿ ಎಲ್ಲ ಸೇರಿ 14,000 ರೂಪಾಯಿ ಆಯಿತು. ಒಂಬತ್ತನೆಯ ಪ್ಯಾನೆಲ್ ಸದ್ಯಕ್ಕೆ ಅವರ ಕೊಟ್ಟಿಗೆಯಲ್ಲಿ ಗೋಡೆಗೆ ಒರಗಿಕೊಂಡಿದೆ.