ನಾಲ್ಕೈದು ವರ್ಷದ ಮಗುವಿಗೆ ಅನಿಮೇಷನ್ ಚಿತ್ರ ತೋರಿಸಬಹುದೇ ಎಂದು ಹೇಗೆ ನಿರ್ಧರಿಸುತ್ತೀರಿ?

ಪ್ರಶ್ನೆ

ಎಲ್ಲರಿಗೂ ನಮಸ್ಕಾರ. ನಮ್ಮ ಮಗನಿಗೆ ಎಂಟು ವರ್ಷ, ಮಗಳಿಗೆ ನಾಲ್ಕೂವರೆ. ಇಬ್ಬರನ್ನೂ ಚಿತ್ರಮಂದಿರಕ್ಕೆ ಕರೆದೊಯ್ದು, ಹೊಸದಾಗಿ ಬರುತ್ತಿರುವ ಒಂದು ಅನಿಮೇಷನ್ ಚಿತ್ರ ತೋರಿಸಬೇಕೆಂದಿದ್ದೇವೆ. ಪ್ರಚಾರದಲ್ಲಿ ಇದು ಇಡೀ ಕುಟುಂಬ ಕೂತು ನೋಡುವ ಚಿತ್ರ ಎಂದಿದ್ದಾರೆ, ಟ್ರೇಲರ್‌ನಲ್ಲಿ ಹಾಡು, ಕುಣಿತ, ಮಾತನಾಡುವ ಪ್ರಾಣಿಗಳು ತುಂಬಿವೆ. ಆದರೆ ಕಥೆಯ ಸಾರಾಂಶದಲ್ಲಿ ‘ತಾಯಿಯಿಂದ ಬೇರೆಯಾದ ಮರಿ’ ಎಂಬ ಒಂದು ಸಾಲು ಇರುವುದನ್ನು ಕಂಡು ಹಿಂಜರಿಯುತ್ತಿದ್ದೇನೆ. ಮಗಳು ಕಥೆಪುಸ್ತಕದಲ್ಲಿ ತೋಳದ ಚಿತ್ರವಿರುವ ಹಾಳೆ ಬಂದರೆ ಅದನ್ನು ತಾನೇ ಮಗುಚಿ ಮುಂದಕ್ಕೆ ಹೋಗುವವಳು, ಮಿಕ್ಸಿಯ ಸದ್ದಿಗೂ ಕಿವಿ ಮುಚ್ಚಿಕೊಳ್ಳುವವಳು. ಮಗನಿಗೆ ಅಂಥ ಅಂಜಿಕೆ ಇಲ್ಲ, ತಂಗಿಯ ಕಾರಣಕ್ಕೆ ಅವನಿಗೆ ಚಿತ್ರ ತಪ್ಪಬಾರದು. ಪ್ರಮಾಣಪತ್ರ ನೋಡಿ ನಿರ್ಧರಿಸಿದರೆ ಸಾಕೇ, ಅಥವಾ ಬೇರೆ ಏನನ್ನಾದರೂ ನೋಡಬೇಕೇ? ಚಿಕ್ಕ ಮಕ್ಕಳಿಗೆ ಚಿತ್ರ ತೋರಿಸಿ ಅನುಭವವಿರುವವರು ದಯವಿಟ್ಟು ತಿಳಿಸಿ.

ಪ್ರತಿಕ್ರಿಯೆ 1

ಪ್ರಮಾಣಪತ್ರದಿಂದ ಆರಂಭಿಸಿ, ಆದರೆ ಅಲ್ಲಿಗೇ ನಿಲ್ಲಿಸಬೇಡಿ. ಭಾರತದಲ್ಲಿ 2024ರ ನಿಯಮಗಳು ಬಂದ ಮೇಲೆ ಯುಎ ವರ್ಗವನ್ನು, ಅಂದರೆ ಮಕ್ಕಳು ಹೆತ್ತವರ ಮಾರ್ಗದರ್ಶನದಲ್ಲಿ ನೋಡಬೇಕಾದ ಚಿತ್ರಗಳ ವರ್ಗವನ್ನು, ವಯಸ್ಸಿನ ಪ್ರಕಾರ 7+, 13+, 16+ ಎಂದು ಮೂರಾಗಿ ವಿಂಗಡಿಸಿದ್ದಾರೆ. ಚಿತ್ರಗಳಿಗೆ ದರ್ಜೆ ನೀಡುವ ಬ್ರಿಟನ್ನಿನ ಮಂಡಳಿಯ ಪ್ರಕಾರ ‘ಯು’ ಎಂದರೆ ನಾಲ್ಕು ವರ್ಷ ತುಂಬಿದವರಿಗೆ ತಕ್ಕದ್ದು, ‘ಪಿಜಿ’ ಎಂದರೆ ಎಂಟರ ಆಸುಪಾಸಿನ ಮಗುವನ್ನು ಕಂಗೆಡಿಸಬಾರದಂಥದ್ದು. ಅಂದರೆ ‘ಪಿಜಿ’ ಇರುವ ಒಂದು ಚಿತ್ರ ನಿಮ್ಮ ಮಗನನ್ನು ಮನಸ್ಸಿನಲ್ಲಿಟ್ಟುಕೊಂಡು ಅಳೆದದ್ದೇ ಹೊರತು ಮಗಳನ್ನಲ್ಲ. ‘ಯು’ ಇದ್ದ ಮಾತ್ರಕ್ಕೆ ಯಾವ ಮಗುವೂ ಹೆದರುವುದಿಲ್ಲ ಎಂಬ ಭರವಸೆಯೂ ಇಲ್ಲ. ಇಂತಿಂಥ ಮಗುವಿಗೆ ಏನು ನೋವಾದೀತು ಎಂದು ಮೊದಲೇ ಹೇಳಲಾಗದು ಎಂಬುದನ್ನು ಆ ಮಂಡಳಿಯೇ ಒಪ್ಪುತ್ತದೆ.

ಒಂದು ಉದಾಹರಣೆ ಕೊಡುತ್ತೇನೆ. 2003ರ ‘ಫೈಂಡಿಂಗ್ ನೀಮೋ’ ಚಿತ್ರಕ್ಕೆ ಅಮೆರಿಕದಲ್ಲಿ ಸಿಕ್ಕಿದ್ದು ಎಲ್ಲ ವಯಸ್ಸಿನವರಿಗೂ ಸಲ್ಲುವ ‘ಜಿ’ ದರ್ಜೆ. ಅದರ ಮೊದಲ ಕೆಲವು ನಿಮಿಷಗಳಲ್ಲೇ ತಾಯಿ ಮೀನೂ ಒಂದು ಮೊಟ್ಟೆಯನ್ನುಳಿದು ಮಿಕ್ಕೆಲ್ಲ ಮೊಟ್ಟೆಗಳೂ ಬೇಟೆಗಾರ ಮೀನಿಗೆ ಬಲಿಯಾಗುತ್ತವೆ. ರಕ್ತವಿಲ್ಲ, ಕೊಲ್ಲುವ ದೃಶ್ಯವೂ ತೆರೆಯ ಮೇಲಿಲ್ಲ, ಹಾಗಾಗಿ ದರ್ಜೆ ನೀಡುವವರ ಅಳತೆಗೋಲಿನಲ್ಲಿ ಅಲ್ಲಿ ಆಕ್ಷೇಪಿಸುವಂಥದ್ದು ಏನೂ ಇಲ್ಲ. ಆದರೆ ‘ಅಮ್ಮ ಎಲ್ಲಿ ಹೋದಳು?’ ಎಂದು ಕೇಳುವ ವಯಸ್ಸಿನ ಮಗುವಿಗೆ ಇಡೀ ಚಿತ್ರದಲ್ಲಿ ಅದಕ್ಕಿಂತ ಭಾರವಾದ ಘಳಿಗೆ ಇನ್ನೊಂದಿರಲಾರದು. ದರ್ಜೆಯ ಪಕ್ಕದಲ್ಲಿ ಕೊಡುವ ಕಾರಣಗಳನ್ನು, ಅಂದರೆ ‘ಸೌಮ್ಯ ಬೆದರಿಕೆ’, ‘ಭಯಾನಕ ದೃಶ್ಯ’ ಮುಂತಾದ ಆ ಪುಟ್ಟ ಸಾಲುಗಳನ್ನು, ತಪ್ಪದೆ ಓದಿ. ಅಕ್ಷರಕ್ಕಿಂತ ಅವುಗಳಲ್ಲೇ ಹೆಚ್ಚು ಮಾಹಿತಿ ಇರುತ್ತದೆ.

ಪ್ರತಿಕ್ರಿಯೆ 2

ನಾನು ಶಿಶುವಿಹಾರದಲ್ಲಿ ಮೂರರಿಂದ ಆರು ವರ್ಷದ ಮಕ್ಕಳಿಗೆ ಕಲಿಸುವವಳು. ಮೇಲಿನವರ ಮಾತಿಗೆ ನನ್ನ ಸಹಮತವಿದೆ. ಅದರ ಜೊತೆಗೆ, ದೊಡ್ಡವರ ಭಯಕ್ಕೂ ಈ ವಯಸ್ಸಿನ ಭಯಕ್ಕೂ ಇರುವ ವ್ಯತ್ಯಾಸವನ್ನು ಸ್ವಲ್ಪ ವಿವರವಾಗಿ ಹೇಳಬೇಕೆನಿಸಿದೆ.

ನಾವು ಕಥೆ ಏನು ಹೇಳುತ್ತಿದೆ ಎಂಬುದಕ್ಕೆ ಹೆದರುತ್ತೇವೆ, ಅವರು ಕಣ್ಣಿಗೆ ಏನು ಕಾಣುತ್ತಿದೆ ಎಂಬುದಕ್ಕೆ ಹೆದರುತ್ತಾರೆ. 1980ರ ದಶಕದಲ್ಲಿ ಅಮೆರಿಕದ ಸಂಶೋಧಕಿ ಜೋಆನ್ ಕ್ಯಾಂಟರ್ ಮತ್ತು ಅವರ ಸಂಗಡಿಗರು, ಒಬ್ಬಳೇ ಮುದುಕಿಯನ್ನು ಒಮ್ಮೆ ವಿಕಾರವಾಗಿ, ಒಮ್ಮೆ ಸೌಮ್ಯವಾಗಿ, ಒಮ್ಮೆ ದಯೆ ತೋರುವವಳಂತೆ, ಒಮ್ಮೆ ಕ್ರೂರಿಯಂತೆ ಚಿತ್ರಿಸಿದ ದೃಶ್ಯಗಳನ್ನು ಮಕ್ಕಳಿಗೆ ತೋರಿಸಿದರು. ಶಾಲೆಗೆ ಸೇರುವ ಮುಂಚಿನ ಮಕ್ಕಳು ಆಕೆಯನ್ನು ಹೆಚ್ಚಾಗಿ ರೂಪದಿಂದ ಅಳೆದರೆ, ದೊಡ್ಡ ಮಕ್ಕಳು ನಡತೆಗೆ ಹೆಚ್ಚು ಬೆಲೆ ಕೊಟ್ಟರು. ಇದನ್ನು ನಮ್ಮ ತರಗತಿಯಲ್ಲಿ ದಿನವೂ ಕಾಣುತ್ತೇನೆ: ಕಥೆಯಲ್ಲಿ ರಾಕ್ಷಸ ಎಷ್ಟೇ ಒಳ್ಳೆಯವನಾದರೂ ಅವನ ಹಲ್ಲು ಕಂಡೊಡನೆ ನಾಲ್ಕು ವರ್ಷದ ಮಗು ನನ್ನ ಮಡಿಲಿಗೆ ಸರಿಯುತ್ತದೆ, ಪಕ್ಕದಲ್ಲಿರುವ ಆರು ವರ್ಷದ್ದು ‘ಅವನು ಒಳ್ಳೆಯವನು ಕಣೇ’ ಎಂದು ಸಮಾಧಾನ ಹೇಳುತ್ತದೆ.

ಆದ್ದರಿಂದ ಕಥೆಯ ಸಾರಾಂಶಕ್ಕಿಂತ ರೂಪಗಳನ್ನು ಗಮನಿಸಿ. ಇದ್ದಕ್ಕಿದ್ದಂತೆ ಬದಲಾಗುವ ಮುಖ, ಕತ್ತಲಲ್ಲಿ ಹೊಳೆಯುವ ಕಣ್ಣು, ಪರಿಚಿತರೇ ಅಪರಿಚಿತರಾಗುವ ಪ್ರಸಂಗ ಇವು ಈ ವಯಸ್ಸಿಗೆ ಅತಿ ಕಷ್ಟ. 2009ರ ‘ಕೋರಲೈನ್’ನಲ್ಲಿ ಅಮ್ಮನಂತೆಯೇ ಇರುವ ಇನ್ನೊಬ್ಬಳು ಕಣ್ಣಿನ ಜಾಗದಲ್ಲಿ ಅಂಗಿಯ ಗುಂಡಿಗಳನ್ನು ಹೊತ್ತು ಬರುತ್ತಾಳೆ. ಹತ್ತು ವರ್ಷದವರು ಅದನ್ನು ಮೈ ಝುಮ್ಮೆನ್ನುವ ಆಟವಾಗಿ ನೋಡಬಹುದು, ನಾಲ್ಕರ ಮಗುವಿಗೆ ಮಾತ್ರ ರಾತ್ರಿ ಅಮ್ಮನ ಮುಖವನ್ನೇ ನೋಡಲು ಅಂಜಿಕೆಯಾದೀತು.

ಇನ್ನೊಂದು ಮಾತು. ಸಂಕಟದ ದೃಶ್ಯ ಇದೆಯೋ ಇಲ್ಲವೋ ಎಂಬುದಕ್ಕಿಂತ ಅದು ಎಷ್ಟು ಹೊತ್ತು ಎಳೆಯುತ್ತದೆ, ಆಗ ಮರಿಯ ಜೊತೆ ಯಾರಾದರೂ ಇರುತ್ತಾರೆಯೇ ಎಂಬುದನ್ನು ಕೇಳಿ ತಿಳಿದುಕೊಳ್ಳಿ. ತಾಯಿಯಿಂದ ಬೇರೆಯಾದ ಮರಿಗೆ ಕೂಡಲೇ ಒಬ್ಬ ಗೆಳೆಯ ಸಿಕ್ಕಿದರೆ ಮಗು ಉಸಿರು ಬಿಡುತ್ತದೆ. ಹತ್ತು ಹದಿನೈದು ನಿಮಿಷ ಅದು ಮಳೆಯಲ್ಲಿ ಒಂಟಿಯಾಗಿ ಅಲೆದರೆ, ಕೊನೆಯಲ್ಲಿ ಎಲ್ಲ ಸರಿಹೋಗುತ್ತದೆ ಎಂಬುದು ಆ ಹೊತ್ತಿನಲ್ಲಿ ಆ ಮಗುವಿಗೆ ಯಾವ ಆಸರೆಯನ್ನೂ ಕೊಡುವುದಿಲ್ಲ, ಏಕೆಂದರೆ ಕೊನೆ ಎಂಬುದು ಅದರ ಲೆಕ್ಕದಲ್ಲಿ ಇನ್ನೂ ಬಂದೇ ಇಲ್ಲ.

ಪ್ರತಿಕ್ರಿಯೆ 3

ಶಿಕ್ಷಕಿಯವರು ಹೇಳಿದ್ದನ್ನು ಗೌರವದಿಂದ ಒಪ್ಪುತ್ತಲೇ ಒಂದು ಭಿನ್ನಾಭಿಪ್ರಾಯವನ್ನು ಮುಂದಿಡುತ್ತೇನೆ. ದುಃಖವಿರುವ ಚಿತ್ರಗಳನ್ನೆಲ್ಲ ಬದಿಗಿಡುತ್ತ ಹೋದರೆ ಮಕ್ಕಳಿಗೆ ತೋರಿಸಲು ಏನೂ ಉಳಿಯುವುದಿಲ್ಲ. 2014ರಲ್ಲಿ ಬಿಎಂಜೆ ಎಂಬ ವೈದ್ಯಕೀಯ ಪತ್ರಿಕೆ ಪ್ರಕಟಿಸಿದ ಒಂದು ಅಧ್ಯಯನದಲ್ಲಿ, 1937ರಿಂದ 2013ರವರೆಗೆ ಅತಿ ಹೆಚ್ಚು ಗಳಿಕೆ ಕಂಡ 45 ಮಕ್ಕಳ ಅನಿಮೇಷನ್ ಚಿತ್ರಗಳನ್ನು ಅದೇ ವರ್ಷಗಳ ದೊಡ್ಡವರ ಚಿತ್ರಗಳೊಂದಿಗೆ ಹೋಲಿಸಿದ್ದರು. ಮುಖ್ಯ ಪಾತ್ರವೊಂದು ಸಾಯುವ ಸಂಭವ ಮಕ್ಕಳ ಚಿತ್ರಗಳಲ್ಲೇ ಸುಮಾರು ಎರಡೂವರೆ ಪಟ್ಟು ಹೆಚ್ಚಿತ್ತು, ನಾಯಕ ಪಾತ್ರದ ಹೆತ್ತವರು ಸಾಯುವ ಸಂಭವವಂತೂ ಐದು ಪಟ್ಟಿಗೂ ಮಿಗಿಲಾಗಿತ್ತು. ಅಜ್ಜಿ ಹೇಳುತ್ತಿದ್ದ ಕಥೆಗಳಲ್ಲೂ ತಬ್ಬಲಿ ಮಕ್ಕಳು ಕಡಿಮೆಯಿರಲಿಲ್ಲ. ಹೆತ್ತವರ ನೆರಳಿನಿಂದ ಹೊರಗೆ ಕಾಲಿಡದೆ ಕಥಾನಾಯಕ ನಡೆಯುವುದಾದರೂ ಎಲ್ಲಿಗೆ?

ನನ್ನ ಅಳತೆ ಹೀಗಿದೆ: ಸಾವೋ ಅಗಲಿಕೆಯೋ ಬಂದ ನಂತರ ಚಿತ್ರ ಅದರ ಬಗ್ಗೆ ಮಾತನಾಡುತ್ತದೆಯೇ? ಪಾತ್ರಗಳು ಅಳುತ್ತವೆಯೇ, ನೆನಪಿಸಿಕೊಳ್ಳುತ್ತವೆಯೇ, ಯಾರಾದರೂ ಅವುಗಳನ್ನು ಸಂತೈಸುತ್ತಾರೆಯೇ? ಹಾಗಿದ್ದರೆ ನಾನು ಧೈರ್ಯವಾಗಿ ತೋರಿಸುತ್ತೇನೆ, ಮಗು ಅತ್ತರೆ ಜೊತೆಗೆ ಕುಳಿತು ಅಳಲು ಬಿಡುತ್ತೇನೆ. ತಾಯಿಯನ್ನು ಕಳೆದುಕೊಂಡ ಮರುಕ್ಷಣವೇ ಹಾಸ್ಯದ ಹಾಡಿಗೆ ಹಾರುವ ಚಿತ್ರವನ್ನು, ಅದರ ದರ್ಜೆ ಎಷ್ಟೇ ಸೌಮ್ಯವಾಗಿರಲಿ, ನಾನು ಇಷ್ಟಪಡುವುದಿಲ್ಲ. ಆ ನೋವನ್ನು ಎಲ್ಲಿಡಬೇಕೆಂದು ಮಗುವಿಗೆ ಅದು ತೋರಿಸಿಕೊಡುವುದಿಲ್ಲ.

ಕೀಳು ಹಾಸ್ಯ, ದಪ್ಪಗಿರುವವರನ್ನೂ ತೊದಲುವವರನ್ನೂ ಗೇಲಿ ಮಾಡುವುದು, ಇವನ್ನೂ ನೋಡಿಕೊಳ್ಳಿ. ಭಯ ನಾಲ್ಕು ದಿನದಲ್ಲಿ ಇಳಿಯಬಹುದು, ಗೇಲಿಯ ಮಾತನ್ನು ಮಗು ಮರುದಿನವೇ ಗೆಳೆಯರ ಮೇಲೆ ಪ್ರಯೋಗಿಸುತ್ತದೆ.

ಪ್ರಶ್ನೆ ಕೇಳಿದವರಿಂದ

ಎಲ್ಲರಿಗೂ ಧನ್ಯವಾದಗಳು. ಎಷ್ಟು ಹೊತ್ತು, ಯಾರ ಜೊತೆ ಎಂಬ ಪ್ರಶ್ನೆ ನನಗೆ ಹೊಳೆದೇ ಇರಲಿಲ್ಲ. ಚಿತ್ರ ಬಿಡುಗಡೆಯಾದ ಮೇಲೆ ಪೂರ್ತಿ ಕಥೆಯನ್ನು ಓದಿ, ಈಗಾಗಲೇ ನೋಡಿದವರನ್ನು ವಿಚಾರಿಸುತ್ತೇನೆ. ಒಂದು ಸಂದೇಹ ಉಳಿದಿದೆ: ಚಿತ್ರ ಸೂಕ್ತವೆಂದೇ ಅನಿಸಿದರೂ ಚಿತ್ರಮಂದಿರವೇ ಮಗಳಿಗೆ ಕಷ್ಟವಾಗುವುದೇ? ಕಥೆಯ ಕೊನೆಯನ್ನು ಮೊದಲೇ ಹೇಳಿಬಿಡಬೇಕೇ?

ಪ್ರತಿಕ್ರಿಯೆ 4

ಮಿಕ್ಸಿಯ ಸದ್ದಿಗೆ ಕಿವಿ ಮುಚ್ಚಿಕೊಳ್ಳುವ ಮಗುವಿಗೆ ಚಿತ್ರಮಂದಿರದ ಶಬ್ದ ನಿಜಕ್ಕೂ ಹೆಚ್ಚಾದೀತು. ಭಯದ ದೃಶ್ಯ ಬಂದಾಗ ನಾವು ಮಗುವಿನ ಕಣ್ಣು ಮುಚ್ಚುತ್ತೇವೆ, ಆದರೆ ಸಂಗೀತ ನಡೆದೇ ಇರುತ್ತದೆ. ಕಾಣದೆ ಕೇಳಿಸುವಾಗ ಮಗು ಕಂಡದ್ದಕ್ಕಿಂತ ಭೀಕರವಾದದ್ದನ್ನು ತಾನೇ ಊಹಿಸಿಕೊಳ್ಳುತ್ತದೆ. ಮನೆಯಲ್ಲಾದರೆ ದೀಪ ಹಾಕಿಕೊಂಡು, ಧ್ವನಿ ತಗ್ಗಿಸಿ, ಬೇಕೆಂದಲ್ಲಿ ನಿಲ್ಲಿಸಿ ನೋಡಬಹುದು. ಕೆಲವು ಚಿತ್ರಮಂದಿರಗಳಲ್ಲಿ ದೀಪವನ್ನು ಪೂರ್ತಿ ಆರಿಸದೆ, ಶಬ್ದ ಇಳಿಸಿ ನಡೆಸುವ ವಿಶೇಷ ಪ್ರದರ್ಶನಗಳೂ ಇರುತ್ತವೆ, ವಿಚಾರಿಸಿ ನೋಡಿ. ಹೋಗುವುದೇ ಆದರೆ ಹಿಂದಿನ ಸಾಲಿನಲ್ಲಿ, ಓಡಾಡುವ ದಾರಿಯ ಪಕ್ಕದ ಆಸನ ಹಿಡಿಯಿರಿ. ಚಿತ್ರಕ್ಕೆ ಮುಂಚೆ ಬರುವ ಬೇರೆ ಚಿತ್ರಗಳ ಟ್ರೇಲರ್‌ಗಳು ಈ ವಯಸ್ಸಿಗೆ ಹೊಂದದಿರಬಹುದು, ಹಾಗಾಗಿ ಅವು ಮುಗಿಯುವ ಹೊತ್ತಿಗೆ ಒಳಗೆ ಹೋದರೂ ನಷ್ಟವಿಲ್ಲ.

ಕೊನೆಯನ್ನು ಮಗಳಿಗೆ ಖಂಡಿತ ಹೇಳಿ. ಕುತೂಹಲ ಹಾಳಾಗುತ್ತದೆ ಎಂಬ ಚಿಂತೆ ನಮ್ಮದೇ ಹೊರತು ಆ ವಯಸ್ಸಿನದಲ್ಲ. ಒಂದೇ ಕಥೆಯನ್ನು ಪ್ರತಿರಾತ್ರಿ ಕೇಳಿ ಹೇಳಿಸಿಕೊಳ್ಳುವವರು ಅವರು. ‘ಮರಿ ಸ್ವಲ್ಪ ಹೊತ್ತು ದಾರಿ ತಪ್ಪುತ್ತದೆ, ಆಮೇಲೆ ಅಮ್ಮ ಸಿಗುತ್ತಾಳೆ’ ಎಂದಷ್ಟೇ ಸಾಕು, ಆದರೆ ಕಥೆಯಲ್ಲಿ ಅಮ್ಮ ನಿಜಕ್ಕೂ ಸಿಗುತ್ತಾಳೆಯೇ ಎಂದು ಖಚಿತಪಡಿಸಿಕೊಂಡೇ ಹೇಳಿ. ಮಗನಿಗೆ ಹೇಳಬೇಡಿ, ಅವನು ಮುನಿಸಿಕೊಂಡಾನು. ಹೆದರಿಕೆಯಾದ ಗಳಿಗೆಯಲ್ಲಿ ‘ಇದು ಸುಳ್ಳು, ಬರೀ ಬೊಂಬೆ’ ಎಂಬ ವಿವರಣೆ ಎಂಟರ ಹುಡುಗನಿಗೆ ನಾಟುತ್ತದೆ, ನಾಲ್ಕರವಳಿಗೆ ನಾಟುವುದಿಲ್ಲ. ಅವಳಿಗೆ ತಬ್ಬಿಕೊಳ್ಳಲು ಒಂದು ಗೊಂಬೆ, ಒಂದು ಗುಟುಕು ನೀರು, ನಿಮ್ಮ ಕೈ ಇವೇ ಮಾತಿಗಿಂತ ಹೆಚ್ಚು ಕೆಲಸ ಮಾಡುತ್ತವೆ.

ಸಾಧ್ಯವಾದರೆ ದೊಡ್ಡವರಿಬ್ಬರು ಹೋಗಿ. ‘ಸಾಕು, ಹೋಗೋಣ’ ಎಂದು ಹೇಳಲು ಅವಳಿಗೆ ಅನುಮತಿ ಇದೆಯೆಂದು ಹೊರಡುವ ಮುಂಚೆಯೇ ತಿಳಿಸಿ, ಹೇಳಿದೊಡನೆ ಮರುಮಾತಿಲ್ಲದೆ ಒಬ್ಬರು ಅವಳನ್ನು ಎತ್ತಿಕೊಂಡು ಹೊರಬನ್ನಿ, ಇನ್ನೊಬ್ಬರು ಮಗನ ಜೊತೆ ಚಿತ್ರ ಮುಗಿಯುವವರೆಗೆ ಕುಳಿತಿರಿ. ಹೊರಬಂದ ಮೇಲೆ ಅವಳೆದುರು ‘ನೋಡು, ಅಣ್ಣ ಹೆದರಲಿಲ್ಲ’ ಎಂದು ಮಾತ್ರ ಯಾರೂ ಹೇಳದಿರಲಿ.