ಪದ ಬೇಕು (ತುರ್ತು): ನೆಗೋಶಿಯೇಷನ್ ಕಾಂಪಿಟಿಷನ್ ಅಂದರೆ ‘ಸಂಧಾನ ಸ್ಪರ್ಧೆ’ಯೇ?

ದಾವಣಗೆರೆ, ವಿದ್ಯಾನಗರದಿಂದ:

ಎಲ್ಲರಿಗೂ ನಮಸ್ಕಾರ. ಇಲ್ಲಿನ ಕಾನೂನು ವಿದ್ಯಾರ್ಥಿಗಳಿಗೆ ಹೊರದೇಶದ ನೆಗೋಶಿಯೇಷನ್ ಕಾಂಪಿಟಿಷನ್‌ಗಳ ಮಾದರಿಯಲ್ಲೇ ಒಂದು ಸ್ಪರ್ಧೆ ಇಟ್ಟಿದ್ದಾರೆ. ಎರಡು ತಂಡಗಳು ತಮ್ಮ ತಮ್ಮ ಕಕ್ಷಿದಾರರ ಪರವಾಗಿ ಎದುರುಬದುರು ಕೂತು ಕರಾರಿನ ಮಾತಾಡುವ ಸ್ಪರ್ಧೆ ಇದು. ಫ್ಲೆಕ್ಸ್, ನಿಯಮದ ಹಾಳೆ ಎರಡೂ ಕನ್ನಡದಲ್ಲಿ ಬೇಕು. ಫ್ಲೆಕ್ಸ್ ಇವತ್ತು ಸಂಜೆಯೊಳಗೆ ಅಚ್ಚಿಗೆ ಹೋಗಬೇಕು. ಕರಡಿನಲ್ಲಿ ‘ಸಂಧಾನ ಸ್ಪರ್ಧೆ’ ಎಂದಿದೆ. ಇಡಬಹುದೇ? ನಿಯಮದ ಹಾಳೆಗೆ ಕಾನ್ಫಿಡೆನ್ಷಿಯಲ್ ಫ್ಯಾಕ್ಟ್ಸ್, ಸೆಲ್ಫ್ ಅನಾಲಿಸಿಸ್, ಬ್ಯಾಟ್ನಾ (ಮಾತು ಕೈಗೂಡದಿದ್ದರೆ ಇರುವ ಬದಲಿ), ಜೋಪಾ (ಇಬ್ಬರೂ ಒಪ್ಪಬಹುದಾದ ನಡುವಿನ ಜಾಗ) ಇವಕ್ಕೂ ಪದ ಬೇಕು. ಇವು ನಾಳೆಗಾದರೂ ನಡೆಯುತ್ತದೆ.

ಹೊಳಲ್ಕೆರೆಯಿಂದ:

ಸಂಧಾನವೂ ಬೇಡ, ಸ್ಪರ್ಧೆಯೂ ಬೇಡ. ಕನ್ನಡಕ್ಕೆ ‘ಕುದುರು’ ಎಂಬ ತನ್ನದೇ ಬೇರಿದೆ. ಬೆಲೆ ಕುದುರಿತು, ವ್ಯಾಪಾರ ಕುದುರಿತು, ಸಂಬಂಧ ಕುದುರಿತು ಎಂದು ಊರೂರಲ್ಲಿ ಹೇಳುತ್ತಾರೆ. ‘ಇಕೆ’ ಹಚ್ಚಿದರೆ ಕುದುರಿಕೆ. ‘ಕುದುರಿಕೆ ಪೈಪೋಟಿ’ ಎಂದು ಬರೆಯಿರಿ. ಚೌಕಾಸಿ ಎಂದು ಯಾರಾದರೂ ಹೇಳುವ ಮೊದಲೇ ಹೇಳಿಬಿಡುತ್ತೇನೆ: ಅದು ಮರಾಠಿಯ ಚೌಕಶಿ. ಅಲ್ಲಿ ಅದಕ್ಕೆ ವಿಚಾರಣೆ ಎಂಬ ಅರ್ಥ. ಸಾಲದ ಪದ, ಅದೂ ಅರ್ಥ ತಪ್ಪಿದ ಸಾಲ.

ಚಿತ್ರದುರ್ಗದಿಂದ:

ಕುದುರಿಕೆ ಆಗುವುದಿಲ್ಲ, ಮೇಷ್ಟ್ರೇ. ‘ಕುದುರಿತು’ ಎಂದಮೇಲೆ ವ್ಯವಹಾರ ಮುಗಿದಂತೆ. ಈ ಸ್ಪರ್ಧೆಯಲ್ಲಿ ಒಪ್ಪಂದ ಆಗಲೇಬೇಕೆಂದಿಲ್ಲ. ತಮ್ಮ ಕಕ್ಷಿದಾರನಿಗೆ ನಷ್ಟವಾಗುವ ಕರಾರಿಗೆ ಕೈಯೊಡ್ಡದೆ ಎದ್ದು ಬಂದ ತಂಡವೂ ಗೆಲ್ಲಬಹುದು. ಫಲವನ್ನು ಹೆಸರಲ್ಲೇ ಹೇಳಿಬಿಟ್ಟರೆ, ಹೇಗಾದರೂ ಸಹಿ ಹಾಕಿಸಿದರೆ ಗೆದ್ದೆವು ಎಂದು ಹುಡುಗರು ತಿಳಿಯುತ್ತಾರೆ. ಅವರು ಸಾಮಾನ್ಯವಾಗಿ ಸೋಲುವುದೂ ಅಲ್ಲೇ.

‘ಸಂಧಾನ’ಕ್ಕೆ ಬೇರೆಯೇ ತೊಡಕಿದೆ. ಸಂಧಾನ ಎಂದರೆ ನಡುವೆ ಒಬ್ಬ ಸಂಧಾನಕಾರ ಇರುತ್ತಾನೆ ಎಂದೇ ಜನ ತಿಳಿಯುವುದು. 1996ರ ಆರ್ಬಿಟ್ರೇಷನ್ ಮತ್ತು ಕನ್ಸಿಲಿಯೇಷನ್ ಕಾಯ್ದೆಯ ಕನ್ಸಿಲಿಯೇಷನ್‌ಗೆ ರಾಜಿ ಸಂಧಾನ ಎನ್ನುವುದು ರೂಢಿ. ನ್ಯಾಯಾಲಯ ವ್ಯಾಜ್ಯವನ್ನು ಬೇರೆ ದಾರಿಯಲ್ಲಿ ಬಗೆಹರಿಸಲು ಕಳಿಸುವ ಬಗೆ ಹೇಳುವ, ಸಿವಿಲ್ ಪ್ರಕ್ರಿಯಾ ಸಂಹಿತೆಯ 89ನೇ ಕಲಂ ನೋಡಿ: ಆರ್ಬಿಟ್ರೇಷನ್ (ಮೂರನೆಯವರ ತೀರ್ಮಾನ), ಕನ್ಸಿಲಿಯೇಷನ್, ಲೋಕ ಅದಾಲತ್ ಸೇರಿದ ನ್ಯಾಯಾಂಗ ಇತ್ಯರ್ಥ, ಮೀಡಿಯೇಷನ್ (ಮಧ್ಯಸ್ಥ ನಡುವೆ ಕೂತು ಮಾತಾಡಿಸುವುದು). ನೆಗೋಶಿಯೇಷನ್ ಆ ಪಟ್ಟಿಯಲ್ಲೇ ಇಲ್ಲ. ಅದಕ್ಕೆ ಮೂರನೆಯವರು ಬೇಡ, ಎರಡೂ ಕಡೆಯವರು ತಾವೇ ಕೂತು ಮಾತಾಡುತ್ತಾರೆ. ಸ್ಪರ್ಧೆಗಳಲ್ಲೂ ಈ ಗೆರೆ ಸ್ಪಷ್ಟ. ಪ್ಯಾರಿಸ್‌ನಲ್ಲಿ ಇಂಟರ್‌ನ್ಯಾಷನಲ್ ಚೇಂಬರ್ ಆಫ್ ಕಾಮರ್ಸ್ 2006ರಿಂದ ನಡೆಸುತ್ತಿರುವುದು ಮೀಡಿಯೇಷನ್ ಸ್ಪರ್ಧೆ. ಅಲ್ಲಿ ಪ್ರತಿ ಕಡೆಯಲ್ಲೂ ಒಬ್ಬ ಕಕ್ಷಿದಾರ, ಒಬ್ಬ ವಕೀಲ, ನಡುವೆ ಮಧ್ಯಸ್ಥ. ಜರ್ಮನಿಯ ಲೈಪ್‌ಜಿಗ್‌ನಲ್ಲಿ 2007ರಲ್ಲಿ ಶುರುವಾದ ನೆಗೋಶಿಯೇಷನ್ ಚಾಲೆಂಜ್‌ನಲ್ಲಿ ಮಧ್ಯಸ್ಥ ಇಲ್ಲ. ಎರಡಕ್ಕೂ ಸಂಧಾನ ಎಂದರೆ ಮುಂದಿನ ವರ್ಷ ಮೀಡಿಯೇಷನ್ ಸ್ಪರ್ಧೆಗೆ ಏನೆಂದು ಬರೆಯುತ್ತೀರಿ?

‘ಮಾತುಕತೆ ಸ್ಪರ್ಧೆ’ ಎನ್ನಿ. ಭಾಷಣ ಸ್ಪರ್ಧೆಯೆಂದು ತಪ್ಪು ತಿಳಿಯುವ ಭಯವಿದ್ದರೆ ‘ವ್ಯವಹಾರ ಮಾತುಕತೆ ಸ್ಪರ್ಧೆ’.

ಹೊಳಲ್ಕೆರೆಯಿಂದ:

ವ್ಯವಹಾರ ಸಂಸ್ಕೃತ, ಸ್ಪರ್ಧೆ ಸಂಸ್ಕೃತ. ಮೂರರಲ್ಲಿ ಎರಡು ಹೋಯಿತು. ನನಗೆ ಒಪ್ಪಿಗೆಯಿಲ್ಲ.

ಹರಿಹರದಿಂದ:

ಮೇಡಂ, ಪದಕ್ಕೆ ಮೊದಲು ಆ ಮೇಜಿನ ಮೇಲೆ ಏನು ನಡೆಯುತ್ತದೆ ನೋಡ್ರಿ. ಅಮೆರಿಕದ ವಕೀಲರ ಸಂಘದ ಮಾದರಿಯಲ್ಲಿ ತಂಡಕ್ಕೆ ಇಬ್ಬರು. ಎರಡೂ ತಂಡಕ್ಕೆ ಒಂದೇ ಸಾಮಾನ್ಯ ವಿವರ, ಅದರ ಮೇಲೆ ಆಯಾ ತಂಡಕ್ಕೆ ಮಾತ್ರ ಕೊಡುವ ಬೇರೆ ಹಾಳೆ. ಅದಕ್ಕೆ ‘ಗುಟ್ಟಿನ ಹಾಳೆ’ ಅಂದರೆ ಸಾಕು. ಮಾತಿಗೆ 50 ನಿಮಿಷ. ತಂಡವೊಂದು ಒಮ್ಮೆ ಐದು ನಿಮಿಷ ಹೊರಹೋಗಬಹುದು, ಗಡಿಯಾರ ಮಾತ್ರ ನಿಲ್ಲುವುದಿಲ್ಲ. ಆಮೇಲೆ ಹತ್ತು ನಿಮಿಷ ಯೋಚನೆ, ಹತ್ತು ನಿಮಿಷ ಎದುರು ತಂಡ ಇಲ್ಲದಾಗ ತೀರ್ಪುಗಾರರ ಮುಂದೆ ಸ್ವವಿಮರ್ಶೆ: ನಿಮ್ಮ ತಂತ್ರ ಎಷ್ಟು ಫಲಿಸಿತು, ನಾಳೆ ಇದೇ ಸಂದರ್ಭ ಬಂದರೆ ಏನು ಬದಲಿಸುತ್ತೀರಿ. ‘ಆತ್ಮಾವಲೋಕನ’ ಹಾಕಬೇಡಿ, ಅದು ಮಠದ ಮಾತಾಗುತ್ತದೆ. ‘ವಾದ’, ‘ವಾದಿ’ ಕೂಡ ನಿಯಮದ ಹಾಳೆಯಲ್ಲಿ ಎಲ್ಲೂ ಬರಬಾರದು. ಅಣಕು ನ್ಯಾಯಾಲಯ ಮಾಡಿ ಬಂದವರು ಆ ಪದ ಕಂಡ ತಕ್ಷಣ ಎದುರು ತಂಡವನ್ನು ಬಿಟ್ಟು ತೀರ್ಪುಗಾರರ ಕಡೆ ತಿರುಗುತ್ತಾರೆ.

ಬ್ಯಾಟ್ನಾ 1981ರಲ್ಲಿ ರೋಜರ್ ಫಿಶರ್, ವಿಲಿಯಂ ಯೂರಿ ಬಳಕೆಗೆ ತಂದ ಪದ. ಅದನ್ನೂ ಕಡೇ ಮಿತಿಯನ್ನೂ, ಅಂದರೆ ಇದನ್ನು ದಾಟಿ ಒಪ್ಪೆವು ಎಂಬ ಗೆರೆಯನ್ನೂ, ಹುಡುಗರು ಒಂದೇ ಎಂದುಕೊಳ್ಳುತ್ತಾರೆ, ಪದ ಆರಿಸುವಾಗ ಇದು ಬಿಡಿಸಿಕೊಳ್ಳಬೇಕು. ನಮ್ಮ ಮೆಕ್ಕೆಜೋಳವನ್ನೇ ತಗೊಳ್ಳಿ. ರೈತರ ಕಂಪನಿಯೊಂದು ಕೋಳಿ ಆಹಾರದ ಕಾರ್ಖಾನೆ ಜೊತೆ ಮಾತಿಗೆ ಕೂತಿದೆ. ಮಾತು ಮುರಿದರೆ ಬೇರೆ ಊರಿನ ಖರೀದಿದಾರ ಕ್ವಿಂಟಲ್‌ಗೆ 2,150 ಕೊಡುತ್ತಾನೆ, ಸಾಗಣೆ 50 ರೈತರದು. ಆ ಬೇರೆ ಖರೀದಿದಾರನೇ ಬ್ಯಾಟ್ನಾ. ಅದರಿಂದ ಲೆಕ್ಕ ಹಾಕಿ ಬಂದ 2,100 ಕಡೇ ಮಿತಿ. ಕಾರ್ಖಾನೆಯ ಕಡೇ ಮಿತಿ 2,300 ಆದರೆ ನಡುವಿನ 200 ರೂಪಾಯಿ ಜಾಗವೇ ಜೋಪಾ. ಹಾಗಾಗಿ ಬ್ಯಾಟ್ನಾಕ್ಕೆ ‘ಮುರಿದರೆ ದಾರಿ’ ಅನ್ನಬಹುದು. ಜೋಪಾಕ್ಕೆ ಮೇಷ್ಟ್ರ ಪದವೇ ಚೆನ್ನಾಗಿ ಕೂರುತ್ತದೆ: ‘ಕುದುರುವ ಎಲ್ಲೆ’.

ಚೌಕಾಸಿ ಬೇಡ ಅನ್ನುವುದಕ್ಕೆ ನನ್ನ ಕಾರಣ ಬೇರೆ. ಚೌಕಾಸಿ ಬೆಲೆಯೊಂದನ್ನೇ ಜಗ್ಗುತ್ತದೆ. ಇಲ್ಲಿ ತೇವಾಂಶ, ಹಣ ಎಷ್ಟು ದಿನಕ್ಕೆ, ಲೋಡಿಂಗ್ ಕೂಲಿ ಯಾರದ್ದು, ಮುಂದಿನ ಸುಗ್ಗಿಗೂ ಇದೇ ಕರಾರೇ, ಎಲ್ಲವೂ ಮೇಜಿನ ಮೇಲಿರುತ್ತವೆ. ಹಣ ವಾರದೊಳಗೆ ಬಂದರೆ ಬೆಲೆಯಲ್ಲಿ ಮೂವತ್ತು ರೂಪಾಯಿ ಬಿಟ್ಟೇವು ಎನ್ನುವ ಕೊಡುಕೊಳೆ ಬಾರದ ತಂಡ ಒಳ್ಳೆಯ ಅಂಕ ಕಾಣುವುದಿಲ್ಲ.

ಹೊಳಲ್ಕೆರೆಯಿಂದ:

ಕುದುರುವ ಎಲ್ಲೆ ಸರಿ. ಆದರೆ ಕರಾರು, ರಾಜಿ, ವಕೀಲ, ಎಲ್ಲ ಅರಬ್ಬಿ. ಹೀಗೆ ಬಿಟ್ಟುಕೊಡುತ್ತಾ ಹೋದರೆ ನಿಯಮದ ಹಾಳೆಯಲ್ಲಿ ಕನ್ನಡದ್ದು ವಿಭಕ್ತಿ ಪ್ರತ್ಯಯ ಮಾತ್ರ ಉಳಿಯುತ್ತದೆ. ಎಲ್ಲಿ ನಿಲ್ಲಿಸುತ್ತೀರಿ?

ಚಿತ್ರದುರ್ಗದಿಂದ:

ಕಕ್ಷಿದಾರನಿಗೆ ಅರ್ಥವಾಗುವಲ್ಲಿ ನಿಲ್ಲಿಸುತ್ತೇನೆ. ಕರಾರು ಎಂದರೆ ಹಿರಿಯೂರಿನ ರೈತನಿಗೂ ಗೊತ್ತು, ಅದರಲ್ಲಿ ಸಿಕ್ಕಿಕೊಂಡರೆ ಏನಾಗುತ್ತದೆ ಎಂಬುದೂ ಗೊತ್ತು. ‘ಒಡಂಬಡಿಕೆ’ ಎಂದರೆ ಎರಡು ದೇಶಗಳ ವಿಷಯ ಅಂದುಕೊಳ್ಳುತ್ತಾನೆ. ಎಪಿಎಂಸಿಯಿಂದ ದಲಾಲಿ, ಅಡತಿ, ರೇಟು ಇವನ್ನೆಲ್ಲ ಹೊರಗೆ ಹಾಕಿದರೆ ಅಲ್ಲಿ ಒಂದು ಚೀಲವೂ ಮಾರಾಟವಾಗದು.

ಹೊಳಲ್ಕೆರೆಯಿಂದ:

ಮಂಡಿಯ ಮಾತು ಬೇರೆ, ಬರೆಯುವ ಕನ್ನಡ ಬೇರೆ. ಹೊಸ ಪದ ಕಟ್ಟುವ ಅವಕಾಶ ಬಂದಾಗಲೂ ಕಟ್ಟದಿದ್ದರೆ ಇನ್ನಾವಾಗ?

ದಾವಣಗೆರೆ, ವಿದ್ಯಾನಗರದಿಂದ:

ಫ್ಲೆಕ್ಸ್‌ಗೆ ‘ವ್ಯವಹಾರ ಮಾತುಕತೆ ಸ್ಪರ್ಧೆ’ ಕಳಿಸುತ್ತಿದ್ದೇನೆ. ನಿಯಮದ ಹಾಳೆಯಲ್ಲಿ ಗುಟ್ಟಿನ ಹಾಳೆ, ಸ್ವವಿಮರ್ಶೆ, ಕಡೇ ಮಿತಿ, ಮುರಿದರೆ ದಾರಿ, ಕುದುರುವ ಎಲ್ಲೆ. ಕಡೆಯ ಎರಡರ ಮುಂದೆ ಮೊದಲ ಸಲ ಬ್ಯಾಟ್ನಾ, ಜೋಪಾ ಎಂದೂ ಕನ್ನಡ ಲಿಪಿಯಲ್ಲಿ ಇರುತ್ತದೆ. ಹೊರಗೆ ಸ್ಪರ್ಧಿಸಲು ಹೋದಾಗ ಅವು ಕಿವಿಗೆ ಬಿದ್ದೇ ಬೀಳುತ್ತವೆ.

ಹರಿಹರದಿಂದ:

ಅಂಗಡಿಯವರು ನುಡಿ ಫಾಂಟ್‌ನಲ್ಲಿ ಮಾಡುವವರಾದರೆ ಯೂನಿಕೋಡ್ ಹಾಗೇ ಕಳಿಸಬೇಡಿ, ಪರಿವರ್ತಿಸಿ ಕೊಡಿ. ‘ಸ್ಪರ್ಧೆ’ಯ ಅರ್ಕಾವತ್ತು, ‘ವ್ಯ’ದ ಒತ್ತು ಎರಡನ್ನೂ ಅಚ್ಚಿಗೆ ಮೊದಲು ಪರದೆ ಮೇಲೆ ನೋಡಿ. ಪಿಡಿಎಫ್ ತರಿಸಿಕೊಂಡು ಇಲ್ಲಿ ಹಾಕಿದರೆ ನಾನೂ ಓದಿ ಹೇಳುತ್ತೇನೆ.